ಆಹೇರಿಗೆ ಬಿಟ್ಟ ಜಾಗ

ಗಣಿತದ ಟೀಚರು ಅಂಗಡಿಗೆ ಬಂದಾಗ ನಾನು ಯಾರದೋ ಮದುವೆಯ ಅಕ್ಷತೆಯ ದೃಶ್ಯಕ್ಕೆ ಹಾಡು ಅಂಟಿಸುತ್ತ ಕೂತಿದ್ದೆ. ಸಿಂದಗಿಯಲ್ಲಿ ನನ್ನದೊಂದು ವಿಡಿಯೋ ಸ್ಟುಡಿಯೋ ಇದೆ. ಮದುವೆ, ಸೀಮಂತ, ಗೃಹಪ್ರವೇಶ, ನಡುನಡುವೆ ಊರೂರಿನ ನಾಟಕ. ಮದುವೆಯ ವಿಡಿಯೋದಲ್ಲಿ ಅಲ್ಲಿಯ ನಿಜವಾದ ಧ್ವನಿ ಯಾರಿಗೂ ಬೇಡ. ಬೀಗರು ಬೈದಾಡಿದ್ದು, ಕೂಸು ಕಿರುಚಿದ್ದು, ಅಡಿಗೆಯವನು ಉಪ್ಪು ಎಲ್ಲಿ ಎಂದು ಕೂಗಿದ್ದು, ಎಲ್ಲವನ್ನೂ ಅಳಿಸಿ ಮೇಲೊಂದು ಹಾಡು ಹಾಕುವುದೇ ನಮ್ಮ ಕಸುಬು. ಹಾಗೆ ಮಾಡಿಕೊಟ್ಟದ್ದನ್ನು ಮನೆಯವರು ಒಂದೇ ಸಲ ನೋಡುತ್ತಾರೆ, ಅದೂ ತಮ್ಮ ತಮ್ಮ ಮುಖ ಬರುವ ತನಕ. ಆಮೇಲೆ ಅದು ಟ್ರೆಜರಿ ಕಪಾಟಿನಲ್ಲಿ ಸೀರೆಗಳ ಕೆಳಗೆ ಸೇರುತ್ತದೆ. ಈ ಮಾತನ್ನು ನಾನು ನಗುತ್ತಲೇ ಹೇಳುತ್ತೇನೆ. ಆದರೆ ಜೀವಮಾನದಲ್ಲಿ ನಾನು ಮಾಡಿದ ಒಂದು ವಿಡಿಯೋವನ್ನಾದರೂ ಯಾರಾದರೂ ಎರಡನೆಯ ಸಲ ನೋಡಲಿ ಎಂಬ ಆಸೆ ನನಗಿತ್ತು, ಮತ್ತು ಅದು ಈಡೇರದ್ದಕ್ಕೆ ಹೊಟ್ಟೆ ಉರಿಯುತ್ತಿತ್ತು.

ಟೀಚರು ಇಂಡಿಯವರು. ಕಾಟನ್ ಸೀರೆ, ಹೆಗಲಿಗೊಂದು ಚೀಲ, ಮೆತ್ತಗಿನ ಮಾತು.

“ಕಾಕಾ, ನಮ್ಮ ಬ್ಯಾಂಡಿಂದು ಒಂದು ಲೈವ್ ಆಲ್ಬಮ್ ಮಾಡಬೇಕಾಗೇದರಿ, ವಿಡಿಯೋ ಸೈತ,” ಎಂದು ಮೊಬೈಲಿನಲ್ಲಿ ಒಂದು ತುಣುಕು ಹಚ್ಚಿದರು.

ನಾನು ಸ್ವಲ್ಪ ಹೊತ್ತು ಕೇಳಿ, “ಸ್ಪೀಕರ್ ಹರದೈತ್ರಿ ಟೀಚರ. ಬಾಜೂದ ಅಂಗಡ್ಯಾಂವ ಹೊಸಾದು ಹಾಕಿ ಕೊಡ್ತಾನ,” ಎಂದೆ.

“ಸ್ಪೀಕರ್ ಚಲೋ ಅದರಿ. ಅದು ಗಿಟಾರು.”

“ಮತ್ತ ಹಿಂದ ಹುಲಿ ಗುರುಗುಟ್ಟಿದಂಗ ಬರಾಕತ್ತೈತಲ್ಲ, ಅದು?”

“ಅದು ನಾನು.”

ನಾನು ಅವರ ಮುಖ ನೋಡಿದೆ. ಅವರು ಸೆರಗು ಸರಿ ಮಾಡಿಕೊಂಡರು.

ಅದಕ್ಕೆ ಹೆವಿ ಮೆಟಲ್ ಎನ್ನುತ್ತಾರಂತೆ. ಗಿಟಾರಿನ ಧ್ವನಿಯನ್ನು ಬೇಕೆಂದೇ ಹರಿಯುವಂತೆ ಮಾಡುವುದು, ಡ್ರಮ್ಮನ್ನು ಎರಡೂ ಕಾಲಿನಿಂದ ಒದೆಯುವುದು, ಹಾಡುವವರು ಹೊಟ್ಟೆಯ ತಳದಿಂದ ಗುಡುಗು ತರುವುದು. ಬ್ಯಾಂಡಿನಲ್ಲಿ ನಾಲ್ವರು. ಹಾಡುವವರು ಟೀಚರು. ಗಿಟಾರಿನವನು ಮುದ್ದೇಬಿಹಾಳದ ಸ್ಟೇಷನರಿ ಅಂಗಡಿಯ ಮಗ. ಬಾಸ್ ಗಿಟಾರಿನವನು ಸಿಂದಗಿಯ ಹತ್ತಿರ ಮೋರಟಗಿಯವನು, ಪಶು ಆಸ್ಪತ್ರೆಯಲ್ಲಿ ಕೆಲಸ. ಡ್ರಮ್ಮರ್ ಬಸವನ ಬಾಗೇವಾಡಿ ತಾಲೂಕಿನ ಗೊಳಸಂಗಿಯ ರೈತ. ಪುಣೆಯಲ್ಲಿ ವರ್ಷಕ್ಕೊಮ್ಮೆ ಇಂಥ ಸಂಗೀತದ್ದೇ ಒಂದು ದೊಡ್ಡ ಮೇಳ ನಡೆಯುತ್ತದೆ. ಅಲ್ಲಿ ಹಾಡಬೇಕಾದರೆ ಅರ್ಧ ತಾಸಿನ ಒಂದು ಲೈವ್ ವಿಡಿಯೋ ಕಳಿಸಬೇಕು. ಎದುರಿಗೆ ಜನ ಇರಬೇಕು. ಧ್ವನಿ ಅಲ್ಲಿಯದೇ ಇರಬೇಕು. ಕ್ಯಾಮೆರಾ ಬದಲಿಸಬಹುದು, ಆದರೆ ನಡುವೆ ಒಂದು ಕ್ಷಣವನ್ನೂ ಕತ್ತರಿಸುವಂತಿಲ್ಲ.

“ಇದು ಆಗಲಿಲ್ಲಂದ್ರ ನಾ ಹಾಡೂದು ಬಿಡ್ತೀನ್ರಿ,” ಎಂದರು ಟೀಚರು. “ಆಯಿಗೆ ಮಾತು ಕೊಟ್ಟೀನಿ. ಪುಣೆದವ್ರು ಹೂಂ ಅಂದ್ರ ಆಕಿ ಏನೂ ಅನ್ನಂಗಿಲ್ಲ. ಇಲ್ಲಂದ್ರ ನಾ ಗಂಟಲಾ ಉಳಿಸ್ಕೋಬೇಕು.”

ಅವರ ಆಯಿ ಯಾರೆಂದು ನನಗೆ ಗೊತ್ತಿತ್ತು. ಇಂಡಿಯ ಕಡೆ ಅರ್ಧ ಊರಿಗೆ ಅಕ್ಷರ ಕಲಿಸಿ ನಿವೃತ್ತರಾದ ಪ್ರಾಥಮಿಕ ಶಾಲೆಯ ಮುಖ್ಯ ಶಿಕ್ಷಕಿ, ಎಲ್ಲರ ಬಾಯಲ್ಲಿ ಹೆಡ್‌ಬಾಯಾರು. ಮನೆಯಲ್ಲಿ ಮರಾಠಿ, ಶಾಲೆಯಲ್ಲಿ ಕನ್ನಡ, ದೇವರ ಮುಂದೆ ದಾಸರ ಪದ. ಮಗಳಿಗೂ ಸಣ್ಣಂದಿನಿಂದ ಪದ ಕಲಿಸಿದವರು. ಆ ಗಂಟಲಿನಿಂದ ಈಗ ಈ ಧ್ವನಿ. ಅವರ ಸಂಕಟ ನನಗೆ ಅರ್ಥವಾಯಿತು, ಮಗಳದೂ ಅರ್ಥವಾಯಿತು, ಹಾಡು ಮಾತ್ರ ಅರ್ಥವಾಗಲಿಲ್ಲ. ಆದರೂ ಹೂಂ ಎಂದೆ. ಧ್ವನಿ ಅಳಿಸಬಾರದು ಎಂದು ಕೇಳಿಕೊಂಡು ಬಂದ ಮೊದಲ ಗಿರಾಕಿ ಅವರು.

ನಾಲ್ವರ ನಾಲ್ಕು ಊರುಗಳಲ್ಲಿ ನಾಲ್ಕು ಕಾರ್ಯಕ್ರಮ ಎಂದು ಠರಾವಾಯಿತು. ಆಯಾ ಊರಿನವರು ಆಯಾ ಊರಿನ ಜನರನ್ನು ಕೂಡಿಸುವುದು. ನಾಲ್ಕರಲ್ಲಿ ಒಂದು ಚೆನ್ನಾಗಿ ಬಂದರೆ ಸಾಕು. ನಾಲ್ಕು ಅವಕಾಶ ಇದೆಯಲ್ಲ, ಕಾಲು ಚಾಚಿ ಮಲಗಬಹುದು ಎಂದುಕೊಂಡೆ.

ನಾಟಕಗಳಿಗಾಗಿ ಕೊಂಡಿದ್ದ ರೆಕಾರ್ಡರು ಇತ್ತು. ಡ್ರಮ್ಮಿನ ಹೊಟ್ಟೆಯೊಳಗೊಂದು ಮೈಕು, ತಲೆಯ ಮೇಲೆ ಎರಡು, ಗಿಟಾರಿನ ಪೆಟ್ಟಿಗೆಯ ಮುಂದೊಂದು, ಟೀಚರ ಕೈಯಲ್ಲೊಂದು, ಜನರ ಕಡೆ ಮುಖ ಮಾಡಿ ಎರಡು. ಪ್ರತಿಯೊಂದೂ ಬೇರೆ ಬೇರೆ ದಾಖಲಾಗಬೇಕು. ಕೆಂಪು ದೀಪ ಹತ್ತದಂತೆ ಮಟ್ಟ ಇಡಬೇಕು, ಏಕೆಂದರೆ ಗಿಟಾರಿನವನು ಬೇಕೆಂದು ಹರಿದದ್ದು ಸಂಗೀತ, ನನ್ನ ರೆಕಾರ್ಡರಿನಲ್ಲಿ ಹರಿದದ್ದು ನನ್ನ ಮುಖಕ್ಕೆ ಮಸಿ. ಇವೆರಡರ ನಡುವಿನ ವ್ಯತ್ಯಾಸ ತಿಳಿಯುವಷ್ಟರಲ್ಲಿ ನನ್ನ ಕಿವಿಯೇ ಮಂದವಾಗಿತ್ತು.

ಕ್ಯಾಮೆರಾಗಳದು ಇನ್ನೊಂದು ಪಾಡು. ರಂಗಕ್ಕೆ ಎದುರಾಗಿ ಕದಲದಂತೆ ನಿಲ್ಲಿಸಿದ್ದೊಂದು, ಕ್ರೇನಿನ ಮೇಲೊಂದು, ಕೈಯಲ್ಲಿ ಹಿಡಿಯುವುದೊಂದು. ಕೈ ಕ್ಯಾಮೆರಾ ಹಿಡಿಯುವವನು ನನ್ನ ಹಳೆಯ ಜೊತೆಗಾರ. ಮದುವೆಯ ಕೆಲಸದಲ್ಲಿ ಅವನನ್ನು ಮೀರಿಸುವವರಿಲ್ಲ. ಆದರೆ ಎಲ್ಲಿಗೆ ಹೋದರೂ ಮೊದಲು ತಾಯಂದಿರು ಎಲ್ಲಿ ಕೂತಿದ್ದಾರೆ ಎಂದು ನೋಡುವ ಚಟ ಅವನಿಗೆ. ತಾಳಿ ಕಟ್ಟುವಾಗಲೂ ಅವನ ಕ್ಯಾಮೆರಾ ಕಣ್ಣೊರೆಸಿಕೊಳ್ಳುವ ತಾಯಿಯ ಮೇಲೇ ಇರುತ್ತದೆ.

“ಇಲ್ಲಿ ಯಾರ ತಾಯೀನೂ ತಗೀಬ್ಯಾಡ. ಗಿಟಾರಿನ ಮ್ಯಾಲ ಬಟ್ಟು, ಡ್ರಮ್ಮಿನ ಮ್ಯಾಲ ಕೋಲು, ಟೀಚರ ಬಾಯಿ, ಇಷ್ಟ,” ಎಂದು ತಾಕೀತು ಮಾಡಿದೆ.

“ತಾಯಿ ಇಲ್ಲದ ವಿಡಿಯೋ ಯಾರ್ ನೋಡ್ತಾರ್ರಿ?” ಎಂದ. ತಾಯಿ ಇದ್ದದ್ದನ್ನೂ ಯಾರೂ ನೋಡುವುದಿಲ್ಲ ಎಂದು ಹೇಳಲು ಮನಸ್ಸಾಗಲಿಲ್ಲ.

ಮೊದಲನೆಯದು ಇಂಡಿಯ ಸಮುದಾಯ ಭವನದಲ್ಲಿ. ಇಳಿಹೊತ್ತಿಗೆ ಜನ ಬಂದರು. ಹೆಚ್ಚಿನವರು ಬಾಯಾರ ಹಳೆಯ ವಿದ್ಯಾರ್ಥಿಗಳು. ಬಾಯಾರು ಬಂದಿದ್ದರು, ಆದರೆ ಎದುರಿಗೆ ಕೂರಲಿಲ್ಲ. ರಂಗದ ಪಕ್ಕದ ಪರದೆಯ ಹಿಂದೆ ಕುರ್ಚಿ ಹಾಕಿಸಿಕೊಂಡು, ಎರಡೂ ಕಿವಿಗೆ ಹತ್ತಿ ತುರುಕಿಕೊಂಡು, ತೊಡೆಯ ಮೇಲೆ ಕಷಾಯದ ಥರ್ಮಾಸು ಇಟ್ಟುಕೊಂಡು ಕೂತರು. ಶುಂಠಿ, ಮೆಣಸು, ಜ್ಯೇಷ್ಠಮಧು, ಬೆಲ್ಲ. “ಆಕೀಗೆ ಎಷ್ಟೊತ್ತಿಗೆ ಗಂಟಲಾ ಹೋಗ್ತದೋ ಹೇಳ್ಲಿಕ್ಕೆ ಬರಂಗಿಲ್ಲ. ನಾ ತಯಾರಿರಬೇಕು,” ಎಂದರು ನನಗೆ. ಬಾಣಂತನಕ್ಕೆ ಬಂದವರ ಗತ್ತು ಅವರದು.

ಗಿಟಾರಿನವನು ಮೊದಲ ಹೊಡೆತ ಹೊಡೆದ. ಎರಡನೆಯದು ಹೊಡೆಯುವಷ್ಟರಲ್ಲಿ ಇಡೀ ಭವನ ಕತ್ತಲಾಯಿತು.

ಸೌಂಡ್ ಸರ್ವಿಸಿನ ಮಾಲಕ ಮೇನ್ ಸ್ವಿಚ್ಚು ಎಳೆದಿದ್ದ. “ಬಾಕ್ಸ್ ಸುಡಾಕತ್ತಾವ್ರೋ! ಯಾರೂ ಮುಟ್ಟಬ್ಯಾಡ್ರಿ!” ಎಂದು ಕೂಗುತ್ತ ಮರಳಿನ ಬಕೀಟು ಹಿಡಿದು ರಂಗದ ಕಡೆ ಓಡಿ ಬಂದ. ಸ್ಪೀಕರುಗಳನ್ನು ಹೆತ್ತ ಮಕ್ಕಳಂತೆ ಸಾಕಿದವನು. ಅವುಗಳಿಂದ ಅಂಥ ಧ್ವನಿ ಬಂದದ್ದನ್ನು ಅವನು ಕೇಳಿದ್ದು ಒಮ್ಮೆ ಮಾತ್ರ, ಅವತ್ತು ನಿಜಕ್ಕೂ ಹೊಗೆ ಬಂದಿತ್ತಂತೆ. ಇದು ಸುಡುವುದಲ್ಲ, ಇವರು ಬಾರಿಸುವುದೇ ಹೀಗೆ ಎಂದು ತಿಳಿಸಿ ಹೇಳಿದೆ. ಅವನು ಗಿಟಾರಿನವನನ್ನು ಮೇಲಿಂದ ಕೆಳಗೆ ನೋಡಿ, “ಕಲಿಯಾಕತ್ತಾನೇನ್ರಿ?” ಎಂದ. ಮತ್ತೆ ಶುರುವಾಯಿತು. ಆದರೆ ಪಾಪ, ಮಾಲಕನ ಕೈ ಕೇಳಬೇಕಲ್ಲ. ಗಿಟಾರು ಗರ್ಜಿಸಿದಾಗಲೆಲ್ಲ ಕೈ ತಾನಾಗಿ ಹೋಗಿ ಧ್ವನಿ ಇಳಿಸುತ್ತಿತ್ತು. ನನ್ನ ರೆಕಾರ್ಡರಿಗೆ ಧ್ವನಿಯೂ ಅವನ ಮಿಕ್ಸರಿನಿಂದಲೇ ಬರುತ್ತಿದ್ದುದರಿಂದ ಅರ್ಧ ತಾಸಿನ ರೆಕಾರ್ಡಿಂಗು ಏರಿ ಇಳಿದು, ಯಾರೋ ಬಾಗಿಲು ತೆರೆದು ಮುಚ್ಚಿದ ಹಾಗೆ ಬಂತು. ಇಂಡಿಯದು ಹೋಯಿತು.

ಮುದ್ದೇಬಿಹಾಳಕ್ಕೆ ಹೋಗುವ ಮೊದಲು ಎರಡು ತಿದ್ದುಪಡಿ ಮಾಡಿದೆ. ಮೈಕುಗಳ ತಂತಿಯನ್ನು ಮೊದಲು ನನ್ನ ರೆಕಾರ್ಡರಿಗೆ ತಂದು, ಅಲ್ಲಿಂದ ಮುಂದೆ ಸೌಂಡ್ ಸರ್ವಿಸಿನವನ ಮಿಕ್ಸರಿಗೆ ಕೊಟ್ಟೆ. ಅವನು ಎಷ್ಟು ಇಳಿಸಿದರೂ ನನಗೆ ತಟ್ಟುವುದಿಲ್ಲ. ಎರಡನೆಯದಾಗಿ, ಅವನನ್ನು ರಂಗಕ್ಕೆ ಬೆನ್ನು ಮಾಡಿ ಕೂರಿಸಿದೆ.

ಅಲ್ಲಿ ಧ್ವನಿ ಚಿನ್ನದಂತೆ ಬಂತು. ಕೈಕೊಟ್ಟದ್ದು ಜನ. ಗಿಟಾರಿನವನ ಓಣಿಯವರೆಲ್ಲ ಬಂದು, ಜಮಖಾನೆಯ ಮೇಲೆ ಗಂಡಸರು ಒಂದು ಕಡೆ, ಹೆಂಗಸರು ಒಂದು ಕಡೆ, ಪುರಾಣ ಕೇಳಲು ಬಂದವರ ಹಾಗೆ ಕೈಕಟ್ಟಿ ಕೂತರು. ಕ್ಯಾಮೆರಾಗಳ ಧ್ವನಿಯನ್ನೂ ರೆಕಾರ್ಡರಿನ ಧ್ವನಿಯನ್ನೂ ಆಮೇಲೆ ತಾಳೆ ಮಾಡಲು ಮೊದಲಿಗೊಂದು ಚಪ್ಪಾಳೆ ತಟ್ಟುವುದು ನಮ್ಮ ಪದ್ಧತಿ. ನಾನು ರಂಗದ ನಡುವೆ ನಿಂತು ಒಂದು ತಟ್ಟಿದೆ. ಇಡೀ ಸಭೆ ಪಟಪಟನೆ ತಟ್ಟಿತು. ಅಂದಿನ ಕಾರ್ಯಕ್ರಮಕ್ಕೆ ಸಿಕ್ಕ ಚಪ್ಪಾಳೆ ಅದೊಂದೇ. ಆಮೇಲೆ ಟೀಚರು ಗುಡುಗಿದರೂ ಅಷ್ಟೇ, ಡ್ರಮ್ಮರ್ ಬೆವರಿಳಿಸಿ ಬಡಿದರೂ ಅಷ್ಟೇ, ಮುಗಿದ ಮೇಲೆ ಭಕ್ತಿಯಿಂದ ಕೈಮುಗಿಯುತ್ತಿದ್ದರು.

ಅದನ್ನೂ ಹೇಗೋ ಸಹಿಸಬಹುದಿತ್ತು. ಆದರೆ ಊರಿಗೆ ಬಂದವರನ್ನು ಉಣ್ಣಿಸದೆ ಕಳಿಸುವುದುಂಟೆ? ಗಿಟಾರಿನವನ ಮನೆಯವರು ಹಿತ್ತಲಲ್ಲಿ ಸಜ್ಜಿ ರೊಟ್ಟಿ, ಎಣಗಾಯಿ, ಬೆಲ್ಲದ ಸಿಹಿ ಮಾದಲಿ ಮಾಡಿಸಿದ್ದರು. ಮೂರನೆಯ ಹಾಡಿನ ನಡುವೆ ಒಬ್ಬ ಹಿರಿಯರು ಬಾಗಿಲಲ್ಲಿ ನಿಂತು, “ಮೊದಲನೇ ಪಂಕ್ತಿ ಏಳ್ರಿ!” ಎಂದರು. ಅರ್ಧ ಸಭೆ ಎದ್ದು ಹೋಯಿತು. ಕೈ ಕ್ಯಾಮೆರಾದವನೂ ಅವರ ಹಿಂದೆ ಹೋದ. ಮದುವೆಯಲ್ಲಿ ಪಂಕ್ತಿ ಕೂತರೆ ತೆಗೆಯಲೇಬೇಕು ಎಂಬುದು ಅವನ ಧರ್ಮ. ಆಲ್ಬಮ್ಮಿನ ಅತಿ ಆರ್ಭಟದ ಹಾಡಿಗೆ ನನ್ನ ಬಳಿ ಇರುವ ಅತ್ಯುತ್ತಮ ದೃಶ್ಯವೆಂದರೆ ಒಬ್ಬ ಯಜಮಾನರು ಎರಡನೆಯ ಸಲ ಮಾದಲಿ ಬೇಡ ಬೇಡ ಎನ್ನುತ್ತ ಹಾಕಿಸಿಕೊಳ್ಳುವುದು.

ಸಿಂದಗಿ ನನ್ನೂರು. ಇಲ್ಲಿ ಊಟ ಕೊನೆಗೆ ಎಂದು ಮೊದಲೇ ಕೂಗಿಸಿದೆ. ಜನರನ್ನು ಹುರಿದುಂಬಿಸಲು ಡ್ರಮ್ಮರನ ಸೋದರಮಾವ ಗೊಳಸಂಗಿಯಿಂದ ಒಂದು ಟೆಂಪೊ ತುಂಬ ಮಂದಿಯನ್ನು ಕರೆತಂದರು. ಮಾವ ಹರೆಯದಲ್ಲಿ ನಾಟಕಗಳಲ್ಲಿ ಖಳನಾಯಕನಾಗಿ ಹೆಸರು ಮಾಡಿದವರು. ಈಗಲೂ ನೀರು ಕೇಳಿದರೆ ಯಾರನ್ನೋ ಕೊಲ್ಲಲು ಕತ್ತಿ ಕೇಳಿದಂತಿರುತ್ತದೆ. ಬ್ಯಾಂಡಿನ ಸಂಗೀತ ಆ ಇಡೀ ಸೀಮೆಯಲ್ಲಿ ಮೊದಲ ಸಲಕ್ಕೇ ತಿಳಿದದ್ದು ಅವರಿಗೊಬ್ಬರಿಗೆ. “ಆ ಹುಡಿಗಿ ಗಂಟಲಾ ನೋಡ್ರಿ! ಇಂಥಾದ್ದು ಸಿಗ್ಲಿ ಅಂತ ನಾ ಹತ್ತು ವರ್ಷ ತಪಾ ಮಾಡಿದ್ದೆ,” ಎಂದರು. ಅವರು ಸಿಳ್ಳೆ ಹಾಕಿದರೆ ಅವರ ಮಂದಿಯೂ ಹಾಕಿದರು, ಅವರನ್ನು ನೋಡಿ ನಮ್ಮ ಸಿಂದಗಿಯವರೂ ಎದ್ದು ಕುಣಿದರು.

ಎಲ್ಲ ಸರಿಯಾಗಿತ್ತು. ಮಟ್ಟ ಸರಿ, ಬೆಳಕು ಸರಿ, ಕ್ರೇನು ಯಾರ ತಲೆಗೂ ಬಡಿಯಲಿಲ್ಲ. ಕೊನೆಯ ಹಾಡು ಬಂತು. ಅದರ ನಡುವೆ ಎಲ್ಲವೂ ಒಮ್ಮೆಲೇ ನಿಂತು, ಗಿಟಾರು ಒಂದೇ ಒಂದು ತಂತಿಯಲ್ಲಿ ಮೆಲ್ಲಗೆ ನುಡಿಯುತ್ತದೆ, ಆಮೇಲೆ ಟೀಚರ ಗುಡುಗಿನೊಂದಿಗೆ ಮತ್ತೆ ಎಲ್ಲವೂ ಕುಸಿದು ಬೀಳುತ್ತದೆ. ಎಲ್ಲವೂ ನಿಂತಿತು. ಆಗ ಮಾವ ರಂಗದ ಮೇಲೆ ಹತ್ತಿದರು.

ನಮ್ಮ ಕಡೆಯ ನಾಟಕ ನೋಡಿದವರಿಗೆ ಇದು ಗೊತ್ತು. ಪಾತ್ರ ಮೆಚ್ಚಿಗೆಯಾದರೆ ನೋಡುವವರು ಕೊನೆಯ ತನಕ ಕಾಯುವುದಿಲ್ಲ. ಅಲ್ಲೇ ರಂಗ ಹತ್ತಿ ಟವೆಲ್ ಹೊದಿಸಿ, ಇಂಥ ಊರಿನ ಇಂಥವರ ಕಡೆಯಿಂದ ಆಹೇರಿ ಎಂದು ಮೈಕಿನಲ್ಲಿ ಕೂಗಿಸುತ್ತಾರೆ. ಸಾಯುತ್ತ ಬಿದ್ದ ಪಾತ್ರವೂ ಎದ್ದು ಕೂತು ಟವೆಲ್ ಹೊದಿಸಿಕೊಂಡು ಕೈಮುಗಿದು ಮತ್ತೆ ಸಾಯುತ್ತದೆ.

ಮಾವ ಮೈಕು ಇಸಿದುಕೊಂಡರು. “ಗೊಳಸಂಗಿ ಊರ ಹಿರೇರ ಪರವಾಗಿ, ಇಂಡಿ ಬಾಯಾರ ಸುಪುತ್ರಿಗೆ ಆಹೇರಿ!” ಹಿಂದಿನಿಂದ ಅವರ ಹೆಂಡತಿ ಬಂದರು. ಹೆಣ್ಣುಮಗಳಿಗೆ ಬರೀ ಟವೆಲ್ ಹೊದಿಸಿದರೆ ಆದೀತೆ? ಅರಿಷಿಣ ಕುಂಕುಮ ಹಚ್ಚಿ, ಕುಬಸದ ಖಣ, ಅಕ್ಕಿ, ತೆಂಗಿನಕಾಯಿ ತೆಗೆದರು. ಟೀಚರು ರಂಗದ ಮೇಲೆ ಕಪ್ಪು ಪ್ಯಾಂಟು, ಕಪ್ಪು ಅಂಗಿ ಹಾಕುತ್ತಿದ್ದರು, ಸೆರಗು ಎಲ್ಲಿಂದ ಬರಬೇಕು? ಬಾಸ್ ಗಿಟಾರಿನವನಿಗೆಂದು ತಂದಿದ್ದ ಟವೆಲನ್ನೇ ಸೆರಗು ಮಾಡಿ ಉಡಿ ತುಂಬಿದರು. ಆಮೇಲೆ ಉಳಿದ ಮೂವರಿಗೂ ಟವೆಲ್. ಗಿಟಾರಿನವನು ತಂತಿ ಮೀಟುವುದನ್ನು ಬಿಟ್ಟು ಕೈಮುಗಿದ. ಸಂಗೀತ ಪೂರ್ತಿ ನಿಂತುಹೋಯಿತು. ಮತ್ತೆ ಎತ್ತಿಕೊಳ್ಳುವಾಗ ಒಬ್ಬೊಬ್ಬರು ಒಂದೊಂದು ಕಡೆಯಿಂದ ಎತ್ತಿಕೊಂಡರು. ನನಗೆ ಅಳು ಬಂತು ಎಂದರೆ ಸುಳ್ಳಲ್ಲ.

ಮುಗಿದ ಮೇಲೆ ಡ್ರಮ್ಮರ್ ಮಾವನ ಮೇಲೆ ಹರಿಹಾಯ್ದ. “ಏನ್ ಮಾಡಿದಿ ಮಾವಾ! ಇನ್ನ ಒಂದ ಊರು ಉಳದೈತಿ!”

ಕೈ ಕ್ಯಾಮೆರಾದವನು ನನ್ನನ್ನು ಪಕ್ಕಕ್ಕೆ ಕರೆದ. “ಕಡದು ತಗದು ಬಿಡೂನ್ರಿ. ಜನರ ಮುಖ ತೋರಿಸಿ ಜೋಡಿಸಿದ್ರ ಪುಣೆದವ್ರ ಅಪ್ಪಗೂ ಗೊತ್ತಾಗಂಗಿಲ್ಲ. ಬೇಕಂದ್ರ ಮ್ಯಾಲೊಂದು ಹೂವಿನ ಮಳಿ ಹಾಕ್ತೇನಿ.”

ಅದು ನಿಜ. ಮಾಲೆ ಹಾಕುವಾಗ ತಲೆಸುತ್ತಿ ಬಿದ್ದ ವರನನ್ನೂ ನಾವು ಹೂವಿನ ಮಳೆಯಲ್ಲಿ ಮುಚ್ಚಿದ್ದೇವೆ. ನಾನು ಟೀಚರ ಮುಖ ನೋಡಿದೆ. ಅವರು ಉಡಿಯಲ್ಲಿ ತೆಂಗಿನಕಾಯಿ ಇಟ್ಟುಕೊಂಡೇ ಕೂತಿದ್ದರು. “ಬ್ಯಾಡ್ರಿ ಕಾಕಾ. ಕತ್ತರಿಸಿ ಕಳಿಸಿ, ಆಯಿಗೆ ಆರಿಸ್ಯಾರ ಅಂತ ಹೇಳ್ಲಿಕ್ಕೆ ನನಗ ಆಗಂಗಿಲ್ಲ,” ಎಂದರು.

ಮಾವ ಮಾತ್ರ ಅಲ್ಲೇ ಒಂದು ಕಂಬಕ್ಕೆ ಒರಗಿ ನಿಂತಿದ್ದರು. ಖಳನಾಯಕನ ಧ್ವನಿ ಇಳಿದುಹೋಗಿತ್ತು. “ಚಲೋ ಅನಿಸ್ತ್ರಿ. ಚಲೋ ಅನಿಸಿದ್ದು ಹೇಳಾಕ ನಮಗ ಬ್ಯಾರೆ ದಾರಿ ಗೊತ್ತಿಲ್ರಿ,” ಎಂದರು ನನಗೆ.

ಆ ಮಾತು ನನ್ನನ್ನು ಮನೆಯ ತನಕ ಬಿಡಲಿಲ್ಲ. ಈ ಮನುಷ್ಯನ ಬಾಯಿ ಮುಚ್ಚಿಸಿ, ಜನರನ್ನು ಕಟ್ಟಿಹಾಕಿ ಕೂರಿಸಿದರೆ ಮುದ್ದೇಬಿಹಾಳದ ಪುರಾಣವೇ ಮತ್ತೆ ಸಿಗುತ್ತದೆ. ಬಿಟ್ಟರೆ ಸಿಂದಗಿಯ ಉಡಿ. ಹಾಗಾದರೆ ನಾಟಕದಲ್ಲಿ ಹೇಗೆ ನಡೆಯುತ್ತದೆ? ಆಹೇರಿ ಬಂದಾಗ ಹಾರ್ಮೋನಿಯಂ ಮಾಸ್ತರು ಕೈ ಎತ್ತುವುದಿಲ್ಲ. ಸಣ್ಣಗೆ ಒಂದು ಸುರುಳಿ ನುಡಿಸುತ್ತಲೇ ಇರುತ್ತಾರೆ. ಕೂಗುವುದು ಮುಗಿದದ್ದೇ ಅಲ್ಲಿಂದಲೇ ಎತ್ತಿಕೊಳ್ಳುತ್ತಾರೆ. ಕತ್ತರಿಸಬಾರದು ಎಂದು ತಾನೇ ಪುಣೆಯವರ ಷರತ್ತು? ನಾವು ಕತ್ತರಿಸುವುದಿಲ್ಲ, ಜಾಗ ಬಿಡುತ್ತೇವೆ.

ಮರುದಿನ ಬ್ಯಾಂಡಿನವರನ್ನು ವಾದ್ಯಸಮೇತ ಅಂಗಡಿಗೆ ಕರೆದು ಹೇಳಿದೆ. ಕೊನೆಯ ಹಾಡಿನ ಆ ಮೌನದಲ್ಲಿ ಗಿಟಾರು ಒಂಟಿಯಾಗಿ ಬೇಡ. ಡ್ರಮ್ಮರ್ ಕಾಲಿನಲ್ಲೇ ನಿಧಾನಕ್ಕೆ ಧಂ ಧಂ ಎನ್ನುತ್ತಿರಲಿ, ಬಾಸು ಅದರ ಬೆನ್ನಿಗಿರಲಿ. ಆಹೇರಿ ಮುಗಿಯುವ ತನಕ ಎಷ್ಟು ಹೊತ್ತಾದರೂ ಆಗಲಿ. ಮುಗಿದದ್ದೇ ಟೀಚರು ಕೈ ಎತ್ತಿದರೆ ಎಲ್ಲರೂ ಒಟ್ಟಿಗೆ ಬೀಳುವುದು. ಗಿಟಾರಿನವನು, “ಮೆಟಲ್‌ನಾಗ ಆಹೇರಿಗೆ ಜಾಗಾ ಬಿಟ್ಟಿದ್ದು ಜಗತ್ತಿನಾಗ ಯಾರೂ ಕೇಳಿಲ್ರಿ,” ಎಂದು ಮುಖ ಗಂಟಿಕ್ಕಿದ. ಡ್ರಮ್ಮರ್ ಕಾಲಿನಲ್ಲಿ ಬಾರಿಸಿ ನೋಡಿದ. ಬಾಸಿನವನು ಸೇರಿಕೊಂಡ. ಸ್ವಲ್ಪ ಹೊತ್ತಿಗೆ ಅದು ಎಂಥ ಭಯ ಹುಟ್ಟಿಸಿತೆಂದರೆ, ಪಕ್ಕದ ಮೊಬೈಲ್ ಅಂಗಡಿಯವನು ಬಂದು ಇಣುಕಿ ಹೋದ. ಗಿಟಾರಿನವನ ಗಂಟು ಬಿಚ್ಚಿತು.

ಬಾಗೇವಾಡಿಯಲ್ಲಿ ಹತ್ತಿ ಜಿನ್ನಿಂಗ್ ಮಿಲ್ಲಿನ ಖಾಲಿ ಗೋದಾಮು ಸಿಕ್ಕಿತು. ಸುಗ್ಗಿ ಮುಗಿದು ಯಂತ್ರ ನಿಂತಿತ್ತು. ತಗಡಿನ ಮಾಡು ಗೊಳ್ಳೆಂದು ಮಾರ್ದನಿ ಕೊಡುತ್ತಿದ್ದುದರಿಂದ ಗೋಡೆಗೆ ಜಮಖಾನೆ, ಚಾದರ, ಬಾಡಿಗೆ ಶಾಮಿಯಾನದ ಬಟ್ಟೆ ಇಳಿಬಿಟ್ಟೆ. ಬಾಯಾರು ಕಿವಿಗೆ ಹತ್ತಿ ಮನೆಯಿಂದ ತರಬೇಕಾಗಲಿಲ್ಲ; ನೆಲದ ಮೇಲಿಂದಲೇ ಆರಿಸಿಕೊಂಡರು. ಪರದೆಯ ಹಿಂದೆ ಕುರ್ಚಿ, ತೊಡೆಯ ಮೇಲೆ ಥರ್ಮಾಸು.

ಜನ ತುಂಬಿದರು. ಮಾವನೂ ಬಂದು ಮುಂದಿನ ಸಾಲಿನಲ್ಲಿ ಕೂತರು. ಚಪ್ಪಾಳೆ ತಟ್ಟಿದೆ, ಸಭೆ ತಟ್ಟಿತು, ಹಾಡು ಶುರುವಾಯಿತು. ಅಂದು ಆ ನಾಲ್ವರು ಬಾರಿಸಿದ್ದನ್ನು ಕೇಳಿ ನನಗೆ ಮೊದಲ ಸಲ ಹಾಡು ಅರ್ಥವಾಯಿತು. ಸಿಟ್ಟು, ನಗು, ಹಟ ಎಲ್ಲವನ್ನೂ ಒಂದೇ ಒರಳಿಗೆ ಹಾಕಿ ಅರೆಯುವ ಹಾಡು ಅದು. ಮಿಲ್ಲಿನ ತಗಡು ನಡುಗಿತು. ಮೇಲಿನಿಂದ ಹಳೆಯ ಹತ್ತಿಯ ಎಳೆಗಳು ದೀಪದ ಬೆಳಕಿನಲ್ಲಿ ಉದುರತೊಡಗಿದವು. ಹೂವಿನ ಮಳೆ ಹಾಕುವ ಕೆಲಸವೂ ಉಳಿಯಿತು.

ಕೊನೆಯ ಹಾಡು. ಎಲ್ಲವೂ ನಿಂತಿತು. ಡ್ರಮ್ಮರನ ಕಾಲು ಶುರುವಾಯಿತು: ಧಂ, ಧಂ. ಬಾಸು ಸೇರಿತು. ಟೀಚರು ಬಾಯಿ ಮುಚ್ಚಿ, ಮೈಕು ಎದೆಗೆ ಹಿಡಿದು, ಇನ್ನೊಂದು ಕೈಯನ್ನು ಕೊರಳ ಹತ್ತಿರ ಇಟ್ಟುಕೊಂಡು ಕಾದರು.

ಯಾರೂ ಬರಲಿಲ್ಲ.

ನಾನು ಮಾವನ ಕಡೆ ನೋಡಿದೆ. ಮಾವ ಎರಡೂ ಕೈ ತೊಡೆಯ ಕೆಳಗೆ ಇಟ್ಟುಕೊಂಡು ಕಲ್ಲಿನ ಬಸವಣ್ಣನ ಹಾಗೆ ಕೂತಿದ್ದರು. ಸುತ್ತಲಿನ ಗೊಳಸಂಗಿಯ ಮಂದಿಯೂ ಹಾಗೇ. ಒಬ್ಬರ ಕೈಯಲ್ಲೂ ಒಂದು ಟವೆಲ್ ಇಲ್ಲ. ಆಗ ನನಗೆ ಹೊಳೆಯಿತು. ಆಹೇರಿಗೆ ಜಾಗ ಬಿಟ್ಟಿದ್ದೇವೆ ಎಂದು ಮಾವನಿಗೆ ಹೇಳಿದವರು ಯಾರು? ಡ್ರಮ್ಮರ್ ಹೇಳಿರುತ್ತಾನೆ ಎಂದು ನಾನು, ನಾನು ಹೇಳಿರುತ್ತೇನೆ ಎಂದು ಡ್ರಮ್ಮರ್. ಮಾವನೋ, ಅಳಿಯನ ಕೈಲಿ ಬೈಸಿಕೊಂಡ ಮೇಲೆ, ಒಬ್ಬರೂ ರಂಗ ಹತ್ತಕೂಡದು ಎಂದು ಊರಿಗೆಲ್ಲ ಕಟ್ಟಪ್ಪಣೆ ಮಾಡಿ ಕರೆತಂದಿದ್ದರು.

ಧಂ, ಧಂ, ಧಂ. ಡ್ರಮ್ಮರನ ಮುಖದಲ್ಲಿ ಬೆವರು. ಬಾ ಬಾ ಎಂದು ನಾನು ಮಾವನಿಗೆ ಕೈಸನ್ನೆ ಮಾಡಿದೆ. ಕೂತ್ಕೋ, ಏಳಬೇಡ ಎಂದು ಗದರಿಸುತ್ತಿದ್ದೇನೆ ಎಂದು ತಿಳಿದ ಅವರು ಇನ್ನೂ ಬಿಗಿಯಾಗಿ ಕೂತರು. ಜೋರಾಗಿ ಸನ್ನೆ ಮಾಡಿದೆ. ಅವರು ಪಕ್ಕದವನ ಹೆಗಲನ್ನೂ ಅದುಮಿ ಕೂರಿಸಿದರು. ರೆಕಾರ್ಡರು ಓಡುತ್ತಿತ್ತು, ಕತ್ತರಿಸುವಂತಿಲ್ಲ. ಟೀಚರು ಕೈ ಎತ್ತಲೋ ಬೇಡವೋ ಎಂದು ನನ್ನ ಕಡೆ ನೋಡಿದರು.

ಆಗ ಪಕ್ಕದ ಪರದೆ ಸರಿಯಿತು. ಬಾಯಾರು ಥರ್ಮಾಸು ಹಿಡಿದು ದಾಪುಗಾಲು ಹಾಕುತ್ತ ಹೊರಗೆ ಬಂದರು.

ಕಿವಿಯಲ್ಲಿ ಹತ್ತಿ. ಅವರಿಗೆ ಡ್ರಮ್ಮೂ ಕೇಳಿಸುತ್ತಿರಲಿಲ್ಲ, ಬಾಸೂ ಕೇಳಿಸುತ್ತಿರಲಿಲ್ಲ. ಕಂಡದ್ದು ಇಷ್ಟೇ: ಸಾವಿರ ಕಣ್ಣುಗಳ ಮುಂದೆ ಮಗಳು ಬಾಯಿ ಮುಚ್ಚಿ, ಕೊರಳು ಹಿಡಿದುಕೊಂಡು ನಿಂತಿದ್ದಾಳೆ. ಗಂಟಲು ಹೋಯಿತು! ಇಷ್ಟು ದಿನ ಯಾವುದಕ್ಕೆ ತಯಾರಾಗಿ ಕೂತಿದ್ದರೋ ಅದು ಆಗಿಹೋಯಿತು.

ರಂಗದ ನಡುವೆ ನಿಂತು ಮುಚ್ಚಳಕ್ಕೆ ಕಷಾಯ ಬಗ್ಗಿಸಿದರು. ಹಬೆ ಎದ್ದಿತು.

“ಆಯಿ, ಏನೂ ಆಗಿಲ್ಲ, ಇದು ಹಾಡಿನಾಗಿಂದು…” ಎಂದು ಟೀಚರು ಪಿಸುಗುಟ್ಟಿದರು.

ಕಿವಿ ಕೇಳದವರು ಮಾತಾಡುವ ಹಾಗೆ, ಬಾಯಾರು ಶಾಲೆಯ ಮೈದಾನಕ್ಕೆಲ್ಲ ಕೇಳುವ ದನಿಯಲ್ಲಿ ಹೇಳಿದರು. ಮಗಳ ಎದೆಯ ಹತ್ತಿರದ ಮೈಕು ಅದನ್ನು ಮಿಲ್ಲಿಗೆಲ್ಲ ಹಂಚಿತು.

“ಏನೂ ಮಾತಾಡಬ್ಯಾಡ. ಮೊದ್ಲ ಇದನ್ನ ಕುಡಿ. ಆಮ್ಯಾಲೆ ಎಷ್ಟ ಬೇಕಷ್ಟ ಒದರು!”

ಒಂದು ಕ್ಷಣ ಧಂ ಧಂ ಬಿಟ್ಟರೆ ಬೇರೆ ಸದ್ದಿಲ್ಲ. ಟೀಚರು ಎರಡೂ ಕೈಯಲ್ಲಿ ಮುಚ್ಚಳ ತೆಗೆದುಕೊಂಡು ಕುಡಿದರು. ಅಷ್ಟಾದದ್ದೇ ಮಾವನ ಕಟ್ಟಪ್ಪಣೆ ಮುರಿದುಬಿತ್ತು. ಕೂತಲ್ಲಿಂದ ಚಿಮ್ಮಿ ಎದ್ದು, ಮೈಕಿನ ಹಂಗಿಲ್ಲದ ಆ ಗಂಟಲಿನಲ್ಲಿ ಕೂಗಿದರು: “ಇಂಡಿ ಬಾಯಾರ ಕಡಿಂದ ಮಗಳಿಗೆ ಕಷಾಯದ ಆಹೇರಿ!”

ಮಿಲ್ಲು ಸ್ಫೋಟಿಸಿತು. ಸಿಳ್ಳೆ, ಕೇಕೆ, ನಗು. ಹೆಂಗಸರ ಸಾಲು ಎದ್ದು ನಿಂತಿತು. ಟೀಚರು ಖಾಲಿ ಮುಚ್ಚಳವನ್ನು ತಾಯಿಯ ಕೈಗೆ ಕೊಟ್ಟು, ಕೈ ಎತ್ತಿ, ಗುಡುಗಿದರು. ಗಿಟಾರು, ಬಾಸು, ಡ್ರಮ್ಮು ಒಂದೇ ಏಟಿಗೆ ಬಿದ್ದವು. ಅಂಥ ಗುಡುಗು ಅವರ ಬಾಯಿಂದ ಅದಕ್ಕೆ ಮೊದಲು ಬಂದಿರಲಿಲ್ಲ. ಬಾಯಾರಿಗೆ ಇಳಿದು ಹೋಗಲು ಸಮಯವೇ ಸಿಗಲಿಲ್ಲ. ಒಂದು ಮೊಳದ ದೂರದಲ್ಲಿ, ಥರ್ಮಾಸು ಅಪ್ಪಿಕೊಂಡು, ಮಗಳು ಹಾಡುವುದನ್ನು ಮೊದಲ ಸಲ ಎದುರಿನಿಂದ ನೋಡುತ್ತ ನಿಂತರು.

ನನ್ನ ಮುಂದಿನ ಪರದೆ ನೋಡಿದೆ. ಕೈ ಕ್ಯಾಮೆರಾ ಬಾಯಾರ ಮುಖದ ಮೇಲಿತ್ತು. ಕ್ರೇನು ಬಾಯಾರ ಮುಖದ ಮೇಲಿತ್ತು. ಗಿಟಾರಿನ ಮೇಲೆ ಬೆರಳಿಲ್ಲ, ಡ್ರಮ್ಮಿನ ಕೋಲಿಲ್ಲ. ಬೈಯಲೆಂದು ಬಾಯಿ ತೆರೆದೆ. ಚೌಕಟ್ಟಿನ ಅಂಚಿನಲ್ಲಿ ಮಗಳ ತೆರೆದ ಬಾಯಿ, ನಡುವೆ ತಾಯಿಯ ಮುಖ. ಮೊದಲು ಗಾಬರಿ, ಆಮೇಲೆ ಲೆಕ್ಕ ತಪ್ಪಿದ ಬಾಯಾರ ಬೆರಗು, ಆಮೇಲೆ ಬೇಡ ಬೇಡವೆಂದರೂ ತುಟಿಯ ಒಂದು ಕೊನೆಯಲ್ಲಿ ಏಳುವ ನಗು. ಬಾಯಿ ಮುಚ್ಚಿಕೊಂಡೆ.

ಅದನ್ನೇ ಕಳಿಸಿದೆವು, ಒಂದು ಕ್ಷಣವನ್ನೂ ಕತ್ತರಿಸದೆ. ಪುಣೆಯವರು ಹೂಂ ಎಂದರು. ಸುದ್ದಿ ಬಂದ ದಿನ ಟೀಚರು ಫೋನಿನಲ್ಲಿ ಅತ್ತರು, ಆಮೇಲೆ ಒಂದು ಸಲ ಗುಡುಗಿದರು. ಈ ಸಲ ನಾನು ಸ್ಪೀಕರು ಹರಿದಿದೆ ಎನ್ನಲಿಲ್ಲ.

ಅದಾದ ಕೆಲವು ದಿನಕ್ಕೆ ಬಾಯಾರು ಒಬ್ಬರೇ ಬಸ್ಸು ಹತ್ತಿ ಸಿಂದಗಿಗೆ ಬಂದರು. ಅಂಗಡಿಯ ಸ್ಟೂಲಿನ ಮೇಲೆ ಕೂತು, “ಏನು ತಗದೀರಿ ತೋರಸ್ರಿ ನೋಡೋಣು,” ಎಂದರು, ನೋಟ್‌ಬುಕ್ಕು ತಪಾಸಣೆಗೆ ಬಂದವರ ಹಾಗೆ. ಹಚ್ಚಿದೆ. ಅರ್ಧ ತಾಸು ಕದಲದೆ ನೋಡಿದರು. ಕಷಾಯ ಬಂದಾಗ ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ತಮ್ಮ ಮುಖ ಬಂದು ಹೋದ ಮೇಲೂ ಎದ್ದು ಹೋಗಲಿಲ್ಲ, ಕೊನೆಯ ತನಕ ಕೂತರು. ಪರದೆ ಕಪ್ಪಾಯಿತು.

ಬಾಯಾರು ಕೈ ಎತ್ತಿ ಒಂದು ಕಿವಿಯಿಂದ ಹತ್ತಿ ತೆಗೆದರು. ಇನ್ನೊಂದು ಕಿವಿಯಿಂದಲೂ ತೆಗೆದು, ಎರಡನ್ನೂ ಉಂಡೆ ಮಾಡಿ ಪರ್ಸಿನಲ್ಲಿ ಹಾಕಿಕೊಂಡರು.

“ಹೂಂ,” ಎಂದರು. “ಈಗ ಇನ್ನೊಮ್ಮೆ ಹಚ್ರಿ.”